ಚಪ್ಪರದಡಿಯ ಮುಚ್ಚಳ

ದ್ವೀಪನಾಡಿನ ಸಕ್ಕರೆ ಪಟ್ಟಣ ಲೌಟೋಕಾದ ವಾಯಿಯಾವಿ ಬಡಾವಣೆಯಲ್ಲಿ ಧನ್‌ರಾಜಿಯ ಮನೆ ಎಲ್ಲಿ ಎಂದು ಕೇಳಿದವರಿಗೆ ಯಾರೂ ಬೀದಿಯ ಹೆಸರು ಹೇಳುತ್ತಿರಲಿಲ್ಲ. ರೊಟ್ಟಿಯ ವಾಸನೆ ಹಿಡಿದು ಹೋಗಿ ಎನ್ನುತ್ತಿದ್ದರು. ಆ ವರ್ಷ, ಕಬ್ಬು ನುರಿಸುವ ಹಂಗಾಮು ಶುರುವಾಗಲು ಇನ್ನೂ ಕೆಲವು ವಾರಗಳಿರುವಾಗ, ರೊಟ್ಟಿಯ ವಾಸನೆಯ ಜೊತೆಗೆ ಬೇರೊಂದು ವಾಸನೆಯೂ ಸೇರಿಕೊಂಡಿತು. ಅಡುಗೆಮನೆಯ ಹಿಂದಿನ ಮೋರಿಯಲ್ಲಿ ನೀರು ಮೊದಲು ಗೊರಗೊರ ಸದ್ದು ಮಾಡಿತು. ಆಮೇಲೆ ಇಳಿಯುವುದನ್ನು ನಿಲ್ಲಿಸಿತು. ಕೊನೆಗೆ ಮೇಲಕ್ಕೇರಿ ಅಂಗಳದ ತುಂಬ ಹರಡಿ, ಕರಿಬೇವಿನ ಗಿಡದ ಬುಡದವರೆಗೂ ಬಂದು ನಿಂತಿತು.

ಆರೋಗ್ಯ ಇಲಾಖೆಯ ಇನ್‌ಸ್ಪೆಕ್ಟರ್ ಒಳ್ಳೆಯ ಹುಡುಗ. ಅವನ ತಂದೆ ಸಕ್ಕರೆ ಕಾರ್ಖಾನೆಯಲ್ಲಿ ಕೆಲಸಕ್ಕಿದ್ದಾಗ ಧನ್‌ರಾಜಿಯ ರೊಟ್ಟಿ ತಿಂದವನು. ಮೂಗಿಗೆ ಕರವಸ್ತ್ರ ಹಿಡಿಯುವುದು ಮರ್ಯಾದೆಯಲ್ಲವೆಂದು ಅವನು ಉಸಿರನ್ನೇ ಬಿಗಿಹಿಡಿದು ಮಾತನಾಡಿದ.

“ಕಾಕಿ, ಹಂಗಾಮಿಗೆ ಮುಂಚೆ ಇನ್ನೊಂದ್ಸಲ ಬರ್ತೀನಿ. ಆಗಲೂ ಇದು ಹೀಗೇ ಹರೀತಿದ್ರೆ ನಿಮ್ಮ ಲೈಸೆನ್ಸ್ ಮೇಲೆ ನಾನು ಸಹಿ ಹಾಕೋಕಾಗಲ್ಲ. ಬೈಕೋಬೇಡಿ.”

“ನಿನ್ನನ್ನ ಯಾಕೆ ಬೈಲಿ ಮಗನೇ. ನೀನೇನು ಮೋರೀನಾ?” ಎಂದಳು ಧನ್‌ರಾಜಿ. ಅವನು ಹೋದ ಮೇಲೆ ಹಿಟ್ಟಿನ ಡಬ್ಬಿಯ ಮೇಲೆ ಕುಳಿತಳು.

ರೊಟ್ಟಿ ಮಾರುವ ಆ ಲೈಸೆನ್ಸೇ ಅವಳ ಬದುಕು. ಬಾ ನದಿಯ ಕಡೆಯ ಕಬ್ಬಿನ ಗದ್ದೆಗಳ ನಡುವೆ ಹುಟ್ಟಿ, ಕಾರ್ಖಾನೆಯಲ್ಲಿ ಸಕ್ಕರೆ ಪಾಕ ಕಾಯಿಸುತ್ತಿದ್ದ ಪದಾರಥ್‌ನನ್ನು ಮದುವೆಯಾಗಿ ಲೌಟೋಕಾಕ್ಕೆ ಬಂದವಳು ಅವಳು. ಗಂಡನ ಬುತ್ತಿಗೆಂದು ಸುಡುತ್ತಿದ್ದ ರೊಟ್ಟಿಯನ್ನು ಅವನ ಜೊತೆಗಾರನೊಬ್ಬ ಕೇಳಿ ತಿಂದ. ಅವನನ್ನು ನೋಡಿ ಮತ್ತೊಬ್ಬ ಕೇಳಿದ. ಹಾಗೆ ಬೆಳೆದ ವ್ಯಾಪಾರ ಅದು: ಆಲೂಗಡ್ಡೆಯ ಪಲ್ಯ ಇಲ್ಲವೆ ಕುಂಬಳಕಾಯಿಯ ಪಲ್ಯ ತುಂಬಿದ ರೊಟ್ಟಿ, ಮೇಲೊಂದು ಕಾಗದದ ಸುತ್ತು, ಪಾಳಿ ಬದಲಾಗುವ ಹೊತ್ತಿಗೆ ಕಾರ್ಖಾನೆಯ ಗೇಟಿನಲ್ಲಿ. ಮಕ್ಕಳಾಗಲಿಲ್ಲ. ಪದಾರಥ್ ಹೋದ ಮೇಲೆ ಅವಳಿಗೆ ಉಳಿದದ್ದು ಆ ಗೇಟು ಮತ್ತು ಪಕ್ಕದ ಮನೆ.

ಪಕ್ಕದ ಮನೆ ಸೆಕೋವೆಯದು. ದ್ವೀಪದ ಮೂಲ ಜನದವನು, ಕಾರ್ಖಾನೆಗೆ ಕಬ್ಬು ಸಾಗಿಸುವ ಪುಟ್ಟ ರೈಲಿನ ಚಾಲಕ, ಭಾನುವಾರ ಚರ್ಚಿನಲ್ಲಿ ದಪ್ಪ ಕಂಠದ ಹಾಡುಗಾರ. ಪದಾರಥ್‌ನನ್ನು ಅಣ್ಣನೆಂದು ಕರೆದವನಾದ್ದರಿಂದ ಧನ್‌ರಾಜಿ ಅವನಿಗೆ ಅತ್ತಿಗೆ. ಬಡಾವಣೆಯ ಮಾತಿನಲ್ಲಿ ‘ಭೌಜಿ’. ಅತ್ತಿಗೆ ಮೈದುನರ ನಡುವೆ ಸಲ್ಲುವ ಎಲ್ಲ ತಮಾಷೆಗಳೂ ಆ ಬೇಲಿಯ ಮೇಲೆ ಓಡಾಡುತ್ತಿದ್ದವು.

ಎರಡೂ ಮನೆಗಳ ಒಳಚರಂಡಿ ಕೂಡುವ ಮ್ಯಾನ್‌ಹೋಲ್ ಸೆಕೋವೆಯ ಹಿತ್ತಿಲಿನಲ್ಲಿ, ಬೇಲಿಗೆ ಹತ್ತಿರದಲ್ಲೇ ಇತ್ತು. ಇತ್ತು ಎನ್ನುವುದಕ್ಕೆ ಕಾರಣವುಂಟು. ಪದಾರಥ್ ಸತ್ತ ದಿನ ಸೆಕೋವೆ ಮತ್ತು ಅವನ ಚರ್ಚಿನ ಗಂಡಸರು, ಯಾರೂ ಹೇಳುವುದಕ್ಕೆ ಮೊದಲೇ, ಕಂಬ ನೆಟ್ಟು ತಗಡು ಹೊದಿಸಿ ಒಂದು ದೊಡ್ಡ ಚಪ್ಪರ ಹಾಕಿದರು. ಧನ್‌ರಾಜಿಯ ಅಂಗಳ ಚಿಕ್ಕದಾದ್ದರಿಂದ ಸೆಕೋವೆಯ ಹಿತ್ತಿಲಿನಲ್ಲೇ ಹಾಕಿದರು. ಹದಿಮೂರನೆಯ ದಿನದ ಕ್ರಿಯೆಯವರೆಗೂ ಜನ ಅಲ್ಲಿ ಕೂತರು, ರಾಮಾಯಣ ಹಾಡಿದರು, ಯಂಗೋನಾ ಬೇರಿನ ಪಾನಕ ಕುಡಿದರು. ಜನ ಕೂರುವ ಜಾಗದ ನಡುವೆ ಕಬ್ಬಿಣದ ಮುಚ್ಚಳ ಕಾಣುವುದು ಸರಿಯಲ್ಲವೆಂದು, ಅದರ ಮೇಲೆ ಮರಳು ಸುರಿದು ಚಾಪೆ ಹಾಸಿಸಿದವಳು ಧನ್‌ರಾಜಿಯೇ. ವರ್ಷಾಬ್ದಿಕದವರೆಗೆ ಚಪ್ಪರ ಕೀಳಬೇಡಿ ಎಂದು ಕೇಳಿಕೊಂಡವಳೂ ಅವಳೇ.

ಆ ವರ್ಷ ತುಂಬುವುದರೊಳಗೆ ಸಕ್ಕರೆ ಕಾಯಿಲೆಯಿಂದ ಸೆಕೋವೆಯ ತಾಯಿಯ ಕಾಲು ತೆಗೆಯಬೇಕಾಯಿತು. ಆಕೆಯ ಹೆಸರು ತಾರಾಯಿವಿನಿ. ಬಡಾವಣೆಗೆಲ್ಲ ಅಜ್ಜಿ, ಅಂದರೆ ‘ಬೂ’. ಕಂಬಗಳ ಮೇಲೆ ನಿಂತಿದ್ದ ಸೆಕೋವೆಯ ಮನೆಗೆ ಮೆಟ್ಟಿಲುಗಳು ಬಹಳ. ಗಾಲಿಕುರ್ಚಿ ಹತ್ತುವ ಮೆಟ್ಟಿಲುಗಳಲ್ಲ ಅವು. ನೆಲಮಟ್ಟದಲ್ಲಿ ತಲೆಯ ಮೇಲೊಂದು ಸೂರು ಆಗಲೇ ಸಿದ್ಧವಾಗಿತ್ತು. ಸೆಕೋವೆ ಸುತ್ತ ಹಲಗೆ ಹೊಡೆದ, ನೆಲಕ್ಕೆ ಕಾಂಕ್ರೀಟು ಸುರಿದ, ಬೇಲಿಯ ಕಡೆಗೆ ಒಂದು ಕಿಟಕಿ ಇಟ್ಟ. ನಗರಸಭೆಯನ್ನು ಕೇಳಬೇಕೆಂಬುದು ಅವನಿಗೆ ಹೊಳೆಯಲೂ ಇಲ್ಲ. ಹೀಗೆ ಪದಾರಥ್‌ನ ಸಾವಿನ ಚಪ್ಪರ ಬೂವಿನ ಕೋಣೆಯಾಯಿತು; ಮುಚ್ಚಳ ಆಕೆಯ ಮಂಚದ ಕೆಳಗೆ, ಕಾಂಕ್ರೀಟಿನೊಳಗೆ ಸೇರಿಹೋಯಿತು.

ಬಡಾವಣೆಯ ಪ್ಲಂಬರ್ ಬಂದು ಧನ್‌ರಾಜಿಯ ಕಡೆಯಿಂದ ಉದ್ದನೆಯ ಸರಳು ತೂರಿಸಿ ನೋಡಿದ. “ಕಟ್ಟಿಕೊಂಡಿರೋದು ಮ್ಯಾನ್‌ಹೋಲಿನಿಂದ ಆಚೆಗೆ. ಮುಚ್ಚಳ ತೆಗೀದೆ ಏನೂ ಆಗಲ್ಲ,” ಎಂದು ಕೈ ತೊಳೆದುಕೊಂಡ. ಸೆಕೋವೆಯ ಮನೆ ಎತ್ತರದಲ್ಲಿದ್ದುದರಿಂದ ಅವನ ನೀರು ಹೇಗೋ ಇಳಿಯುತ್ತಿತ್ತು. ಇಳಿದದ್ದೆಲ್ಲ ಉಕ್ಕುತ್ತಿದ್ದುದು ತಗ್ಗಿನಲ್ಲಿದ್ದ ಧನ್‌ರಾಜಿಯ ಅಂಗಳದಲ್ಲಿ.

“ಭೌಜಿ, ನಿಮ್ಮ ಮೋರಿಗೂ ವಯಸ್ಸಾಯ್ತು,” ಎಂದ ಸೆಕೋವೆ ಬೇಲಿಯ ಆಚೆಯಿಂದ. “ನಮ್ಮ ಹಾಗೆ ಅದಕ್ಕೂ ನುಂಗಿದ್ದು ಇಳಿಯಲ್ಲ.”

“ವಯಸ್ಸಾಗಿಲ್ಲಪ್ಪ. ಅದರ ಗಂಟಲ ಮೇಲೆ ನಿಮ್ಮಮ್ಮನ ಮಂಚ ಕೂತಿದೆ.”

ಅವನು ದೊಡ್ಡದಾಗಿ ನಕ್ಕ. ಆಮೇಲೆ ನಗು ಇಳಿಯಿತು. “ಗೊತ್ತು ಭೌಜಿ. ಹಂಗಾಮು ಮುಗೀಲಿ, ಏನಾದ್ರೂ ಮಾಡೋಣ.”

ಹಂಗಾಮು ಮುಗಿಯುವ ಹೊತ್ತಿಗೆ ತನ್ನ ವ್ಯಾಪಾರವೇ ಮುಗಿದಿರುತ್ತದೆ ಎಂಬ ಮಾತು ಅವಳ ನಾಲಗೆಯ ತುದಿಯವರೆಗೂ ಬಂತು. ಅವಳು ಅದನ್ನು ನುಂಗಿಕೊಂಡಳು. ಕಿಟಕಿಯಿಂದ ಬೂ ಕೂಗುತ್ತಿದ್ದಳು: “ರಾಜೀ, ಏನೇ ಈ ನಾತ? ಇವನ ನಾಯಿ ಎಲ್ಲೋ ಸತ್ತುಬಿದ್ದಿದೆ ಅಂತ ನಾನು ಆವತ್ತಿಂದ ಬಡ್ಕೋತಿದ್ದೀನಿ!”

ನಾಯಿ ಮಂಚದ ಪಕ್ಕದಲ್ಲೇ ಬಾಲ ಅಲ್ಲಾಡಿಸುತ್ತಿತ್ತು.

ಕಾರ್ಖಾನೆಯ ಗೇಟಿನ ಹೆಂಗಸರು ಹೇಳಿದ ಮೇಲೆ ಧನ್‌ರಾಜಿ ಕಾನೂನು ನೆರವಿನ ಕಚೇರಿಗೆ ಹೋದಳು. ಅಲ್ಲಿನ ವಕೀಲೆ ಲೋಸಲಿನಿ ಸೆಕೋವೆಯ ಜನದವಳೇ. ಚಿಕ್ಕ ವಯಸ್ಸು, ಮಾತು ಮಾತ್ರ ಅಳೆದು ತೂಗಿದ್ದು. ಅವಳು ಎಲ್ಲವನ್ನೂ ಕೊನೆಯವರೆಗೆ ಕೇಳಿಸಿಕೊಂಡು ಒಂದು ಚಿತ್ರ ಬರೆದಳು: ಎರಡು ಮನೆ, ನಡುವೆ ಬೇಲಿ, ಹಿಂದೆ ಒಳಚರಂಡಿಯ ಕೊಳವೆ.

“ಈ ಕೊಳವೆ ಹೋಗೋ ಪಟ್ಟಿ ಜಾಗ ಅವರ ಹೆಸರಲ್ಲೇ ಇರಬಹುದು ಕಾಕಿ. ಆದ್ರೆ ರಿಪೇರಿಗೆ ಬರೋ ಹಕ್ಕು ಒಳಚರಂಡಿಯವರದು. ಅದರ ಮೇಲೆ ಯಾರೂ ಕಟ್ಟೋ ಹಾಗಿಲ್ಲ. ಅದೂ ನಕ್ಷೆಗೆ ಒಪ್ಪಿಗೆ ತಗೊಳ್ಳದೆ ಕಟ್ಟಿದ್ದು.”

“ಚಪ್ಪರ ಇರಲಿ ಅಂತ ಹೇಳಿದ್ದು ನಾನೇ ಮಗಳೇ. ಮುಚ್ಚಳ ಮುಚ್ಚಿಸಿದ್ದೂ ನಾನೇ. ಈಗ ದೂರು ಕೊಡೋಕೆ ಬಾಯಿದೆಯಾ ನನಗೆ?”

“ನೀವು ಒಪ್ಪಿದ್ದು ಚಪ್ಪರಕ್ಕೆ, ಚಾಪೆಗೆ. ಗೋಡೆಗಲ್ಲ, ಕಾಂಕ್ರೀಟಿಗಲ್ಲ. ಅಲ್ಲದೆ ಎಲ್ಲರಿಗೂ ಸೇರಿದ ಕೊಳವೆನ ಮುಚ್ಚೋಕೆ ಒಪ್ಪಿಗೆ ಕೊಡೋ ಅಧಿಕಾರ ನಿಮಗೂ ಇರಲಿಲ್ಲ.” ಲೋಸಲಿನಿ ಬೆರಳು ಮಡಿಸಿದಳು. “ನಗರಸಭೆಗೆ ದೂರು ಕೊಡಬಹುದು. ಅವರು ನೋಟಿಸ್ ಕೊಡ್ತಾರೆ, ಯಾಕೆ ಕೆಡವಬಾರದು ಅಂತ ಇವರನ್ನ ಕೇಳ್ತಾರೆ. ಇವರು ಉತ್ತರ ಕೊಡಬಹುದು, ಕಾಲಾವಕಾಶ ಕೇಳಬಹುದು. ಇಲ್ಲಾಂದ್ರೆ ಇಬ್ಬರನ್ನೂ ಕೂರಿಸಿ, ಒಪ್ಪಂದ ಬರೆಸಿ, ಸಹಿ ಹಾಕಿಸಬಹುದು. ಯಾವುದೂ ಆಗದಿದ್ರೆ ಕೋರ್ಟು. ಗಲೀಜು ನಿಲ್ಲಿಸಿ, ದಾರಿ ಬಿಡಿಸಿ, ನಷ್ಟ ಕೊಡಿಸಿ ಅಂತ ಕೇಳಬಹುದು. ಅದು ಬೇಗ ಮುಗಿಯೋದಲ್ಲ.”

ಅವಳು ಪೆನ್ನು ಕೆಳಗಿಟ್ಟಳು. “ಒಂದು ಮಾತು. ವಕೀಲೆಯಾಗಿ ಅಲ್ಲ, ಆ ಜನದ ಹುಡುಗಿಯಾಗಿ ಕೇಳ್ತೀನಿ. ಒಂದು ಕಟ್ಟು ಯಂಗೋನಾ ಬೇರು ತಗೊಂಡು ಹೋಗಿ, ಅವರ ಎದುರು ಇಟ್ಟು, ಬಾಯಿಬಿಟ್ಟು ಕೇಳಿದ್ರಾ?”

“ಇಲ್ಲ.”

“ಯಾಕೆ? ಅದಾಗಿದ್ರೆ ಒಂದು ದಿನದ ಕೆಲಸ.”

ಧನ್‌ರಾಜಿ ಹೇಳಿದ್ದು ಒಂದು ದೋಣಿಯ ಕಥೆ. ಮದುವೆಯಾದ ಹೊಸತರಲ್ಲಿ ಅವಳಿಗೆ ಸಮುದ್ರ ತೋರಿಸಬೇಕೆಂದು ಪದಾರಥ್‌ಗೆ ಆಸೆಯಾಯಿತು. ಸೆಕೋವೆಯ ಜನ ಏನಾದರೂ ಕೇಳುವಾಗ ಮಾಡುವಂತೆ ಬೇರಿನ ಕಟ್ಟು ಒಯ್ದು, ತಮಾಷೆಗೆಂಬಂತೆ ಮಂಡಿಯೂರಿ, ಸೆಕೋವೆಯ ದೋಣಿಯನ್ನು ಕೇಳಿದ. ಸೆಕೋವೆ ಮೂರು ಬಾರಿ ಚಪ್ಪಾಳೆ ತಟ್ಟಿ ಕಟ್ಟನ್ನು ಸ್ವೀಕರಿಸಿ, ಅಂದರೆ ಒಪ್ಪಿ, ದೋಣಿ ಕೊಟ್ಟ. ಗಂಡ ಹೆಂಡತಿ ಸಂಜೆಯವರೆಗೆ ಹವಳದ ದಿಬ್ಬಗಳ ನಡುವೆ ತಿರುಗಾಡಿ ಬಂದರು. ಆ ದಿನ ದೂರದ ದ್ವೀಪದಲ್ಲಿ ಸೆಕೋವೆಯ ತಮ್ಮನ ಮದುವೆಯಿತ್ತು; ಅವನು ಹೋಗಬೇಕಾಗಿದ್ದುದು ಅದೇ ದೋಣಿಯಲ್ಲಿ. ಅವನು ಹೋಗಲಿಲ್ಲ, ಹೇಳಲೂ ಇಲ್ಲ. ಬಹಳ ಕಾಲದ ಮೇಲೆ ಬೂ ಬಾಯಿತಪ್ಪಿ ಹೇಳಿದಾಗಲೇ ತಿಳಿದದ್ದು. ಪದಾರಥ್ ಆಮೇಲೆ ಸಾಯುವವರೆಗೆ ಆ ಮನೆಯಿಂದ ಒಂದು ಸುತ್ತಿಗೆಯನ್ನೂ ಎರವಲು ತರಲಿಲ್ಲ.

“ಬೇರು ಇಟ್ಟು ಕೇಳಿದ್ರೆ ಸೆಕೋವೆ ಇಲ್ಲ ಅನ್ನಲ್ಲ. ನಿಮ್ಮ ಜನದಲ್ಲಿ ಹಾಗೆ ಅನ್ನೋ ಹಾಗಿಲ್ಲ, ಅನ್ನೋಕೆ ಅವನಿಗೆ ಬರೋದೂ ಇಲ್ಲ. ಅವತ್ತೇ ಕೋಣೆ ಕಿತ್ತುಹಾಕ್ತಾನೆ. ಆ ಮುದುಕಿ ಎಲ್ಲಿ ಮಲಗಬೇಕು? ನಿಮ್ಮ ಕಾಗದ ಬಂದ್ರೆ ಉತ್ತರ ಕೊಡಬಹುದು ಅಂದ್ಯಲ್ಲ. ಆಗಲ್ಲ ಅನ್ನಬಹುದು, ದಿನ ಕೇಳಬಹುದು, ಜಗಳಾನೂ ಆಡಬಹುದು. ನನಗೆ ಅದು ಬೇಕು.”

ಲೋಸಲಿನಿ ಪೆನ್ನನ್ನು ಮತ್ತೆ ಎತ್ತಿಕೊಂಡಳು. ನಗರಸಭೆಗೆ ಅರ್ಜಿ ಬರೆದಳು: ಆದೇಶ ಹೊರಡಿಸುವ ಮೊದಲು ಎರಡೂ ಮನೆಯವರನ್ನು ಕರೆಸಿ ಕೇಳಬೇಕು ಎಂದು. ಇನ್‌ಸ್ಪೆಕ್ಟರ್ ಬರುವುದರೊಳಗೆ ಅದು ಆಗಬೇಕೆಂದು ಇನ್ನೊಂದು ಸಾಲು ಸೇರಿಸಿದಳು.

ನೋಟಿಸು ಸೆಕೋವೆಯ ಬಾಗಿಲಿಗೆ ಬಂದ ಸಂಜೆ ಅವನು ಬೇಲಿಯ ಹತ್ತಿರ ಬಂದು ನಿಂತ. ಕಾಗದ ಅವನ ದೊಡ್ಡ ಕೈಯಲ್ಲಿ ಮುದುಡಿತ್ತು.

“ಇದೇನು ಭೌಜಿ?”

“ಓದಿದೆಯಲ್ಲ.”

“ಓದಿದೆ. ಅದಕ್ಕೇ ಕೇಳ್ತಿದ್ದೀನಿ. ನಾನು ನಿಮಗೆ ಪರದೇಶದವನಾ? ಬೇಲಿ ದಾಟಿ ಬರೋಕೆ ಕಾಲು ನೋವಾ? ಅಣ್ಣನ ಚಪ್ಪರಕ್ಕೆ ಕಂಬ ನೆಟ್ಟ ಕೈಗೆ ನಗರಸಭೆಯ ಕಾಗದ ಕೊಟ್ಟಿರಲ್ಲ! ಒಂದು ಕಟ್ಟು ಬೇರಿಗೂ ನಾನು ಯೋಗ್ಯನಲ್ಲವಾ?”

ಅವಳು ಉತ್ತರ ಕೊಡಲು ಬಾಯಿ ತೆರೆಯುವುದರೊಳಗೆ ಅವನು ತಿರುಗಿ ಹೋದ. ಆ ಭಾನುವಾರ ಸೆಕೋವೆಯ ಹಿತ್ತಿಲಿನ ನೆಲದೊಲೆಯಿಂದ ಹೊಗೆ ಎದ್ದಿತು. ಆದರೆ ಪ್ರತಿ ಭಾನುವಾರ ಬರುತ್ತಿದ್ದ, ತೆಂಗಿನಹಾಲು ತುಂಬಿ ಬೇಯಿಸಿದ ಕೆಸವಿನೆಲೆಯ ಪೊಟ್ಟಣ ಬೇಲಿ ದಾಟಿ ಬರಲಿಲ್ಲ. ಧನ್‌ರಾಜಿ ಹಟ ಮಾಡದೆ ಬೂವಿಗೆಂದು ರೊಟ್ಟಿ ಕಳಿಸಿದಳು. ಬೂ ರೊಟ್ಟಿ ತಿಂದಳು. ಸೆಕೋವೆಯ ಹೆಂಡತಿ ತಟ್ಟೆಯನ್ನು ತೊಳೆದು, ಒರೆಸಿ, ಖಾಲಿಯಾಗಿಯೇ ಬೇಲಿಯ ಗೂಟದ ಮೇಲೆ ಇಟ್ಟುಹೋದಳು. ಇಷ್ಟು ವರ್ಷಗಳಲ್ಲಿ ಆ ಬೇಲಿಯ ಮೇಲಿಂದ ತಟ್ಟೆ ಬರಿದಾಗಿ ಬಂದದ್ದು ಅದೇ ಮೊದಲು. ಒಂದು ಮೆಣಸಿನಕಾಯಿಯಾದರೂ ಇರುತ್ತಿತ್ತು. ಅಂದು ರಾತ್ರಿ ಮೋರಿಯ ವಾಸನೆಗಿಂತ ಆ ತಟ್ಟೆಯೇ ಅವಳನ್ನು ಹೆಚ್ಚು ಕಾಡಿತು.

ನಗರಸಭೆಯ ಸಣ್ಣ ಕೋಣೆಯಲ್ಲಿ ವಿಚಾರಣೆ ನಡೆಯಿತು. ಮೇಜಿನ ಒಂದು ಬದಿಗೆ ಧನ್‌ರಾಜಿ ಮತ್ತು ಲೋಸಲಿನಿ, ಇನ್ನೊಂದು ಬದಿಗೆ ಸೆಕೋವೆ, ನಡುವೆ ಬಿಳಿ ಅಂಗಿಯ ಅಧಿಕಾರಿ. ಬೂ ತಾನೂ ಬರುತ್ತೇನೆಂದು ಹಟ ಹಿಡಿದು, ತಲೆಗೆ ಚರ್ಚಿನ ಟೋಪಿ ಇಟ್ಟುಕೊಂಡು ಗಾಲಿಕುರ್ಚಿಯಲ್ಲಿ ಬಂದಿದ್ದಳು. ಮ್ಯಾನ್‌ಹೋಲಿನ ಮೇಲೆ ಮನುಷ್ಯರು ಮಲಗುವ ಕೋಣೆ ಇರಲು ಯಾವ ರೀತಿಯಲ್ಲೂ ಒಪ್ಪಿಗೆ ಸಿಗದು, ಆದರೆ ಕೆಡವಲು ಎಷ್ಟು ಸಮಯ, ಬೇರೆ ಎಲ್ಲಿ ಕಟ್ಟಬಹುದು ಎಂಬುದನ್ನು ಮಾತನಾಡಬಹುದು ಎಂದು ಅಧಿಕಾರಿ ವಿವರಿಸಿದರು. “ನಿಮ್ಮ ಉತ್ತರ ಏನು?” ಎಂದು ಸೆಕೋವೆಯನ್ನು ಕೇಳಿದರು.

“ಉತ್ತರ ಏನಿದೆ ಸಾರ್,” ಎಂದ ಸೆಕೋವೆ, ಮೇಜನ್ನೇ ನೋಡುತ್ತ. “ನಾಳೇನೇ ಕೆಡವ್ತೀನಿ. ಆದ್ರೆ ಇವರು ಒಂದು ಮಾತು ಬಂದು ಕೇಳಿದ್ರೆ ಯಾವತ್ತೋ ಕೆಡವಿರ್ತಿದ್ದೆ. ಅದೇ ನನಗೆ ನೋವು.”

“ಕೆಡವಿರ್ತಿದ್ದೆ ಅಂತ ಗೊತ್ತಿದ್ದಕ್ಕೇ ಬರಲಿಲ್ಲ,” ಎಂದಳು ಧನ್‌ರಾಜಿ. “ನಾನು ಬೇರು ಇಟ್ಟು ಕೇಳಿದ್ರೆ ನೀನು ಆಗಲ್ಲ ಅಂತಿದ್ಯಾ?”

“ಅದು ಹೇಗೆ ಅನ್ನೋಕಾಗುತ್ತೆ?”

“ನೋಡು. ದೋಣಿ ಕೇಳಿದಾಗಲೂ ಅನ್ನಲಿಲ್ಲ. ತಮ್ಮನ ಮದುವೆ ತಪ್ಪಿಸ್ಕೊಂಡೆ, ಬಾಯಿ ಬಿಡಲಿಲ್ಲ. ನಿನ್ನ ಅಣ್ಣ ಸಾಯೋವರೆಗೂ ಅದನ್ನ ಮನಸ್ಸಲ್ಲಿಟ್ಕೊಂಡು ಕೊರಗಿದ. ನಿಮ್ಮಮ್ಮನ ಮಂಚಾನೂ ಹಾಗೇ ಕಿತ್ಕೊಳ್ಳೋಕೆ ನನ್ನಿಂದ ಆಗಲಿಲ್ಲಪ್ಪ. ಕಾಗದಕ್ಕಾದ್ರೆ ನೀನು ಆಗಲ್ಲ ಅನ್ನಬಹುದು ಅಂತ ಈ ಹುಡುಗಿ ಹೇಳಿದ್ಲು. ಅದಕ್ಕೇ ಕಾಗದ ಕಳಿಸಿದೆ.”

ಸೆಕೋವೆ ತಲೆ ಎತ್ತಿದ. ದೋಣಿಯ ವಿಷಯ ಅವರಿಗೆ ಗೊತ್ತಿದೆಯೆಂಬುದು ಅವನಿಗೆ ಆಗಲೇ ಗೊತ್ತಾದದ್ದು. ಅವನು ತಾಯಿಯ ಕಡೆ ನೋಡಿದ. ಬೂ ಬೇಗನೆ ಚಾವಣಿಯ ಫ್ಯಾನಿನ ಕಡೆ ನೋಡಿದಳು.

ಬೂ ಗಂಟಲು ಸರಿಮಾಡಿಕೊಂಡಳು.

“ಮಲಗೋಳು ನಾನು. ನನ್ನನ್ನ ಯಾರೂ ಕೇಳಲಿಲ್ಲ. ಸಾರ್, ಈ ಕಾಗದಕ್ಕೆ ನಾನೂ ಉತ್ತರ ಕೊಡಬಹುದಾ?”

“ಧಾರಾಳವಾಗಿ ಅಜ್ಜಿ.”

“ಹಾಗಾದ್ರೆ ಬರ್ಕೊಳ್ಳಿ. ಆಗಲ್ಲ.”

ಅಧಿಕಾರಿಯ ಪೆನ್ನು ನಿಂತಿತು. ಸೆಕೋವೆ “ಅಮ್ಮಾ!” ಎಂದ. ಧನ್‌ರಾಜಿ ಮನಸ್ಸಿನಲ್ಲೇ ದಿನ ಲೆಕ್ಕ ಹಾಕಿದಳು. ಇಲ್ಲಿ ಆಗಲ್ಲವೆಂದರೆ ಮುಂದಿನದು ಕೋರ್ಟು. ಕೋರ್ಟು ಮುಗಿಯುವಷ್ಟರಲ್ಲಿ ಹಂಗಾಮು, ಲೈಸೆನ್ಸು, ಎಲ್ಲವೂ ಹೋಗಿರುತ್ತದೆ. ಆದರೂ ಅವಳು ಬಾಯಿ ತೆರೆಯಲಿಲ್ಲ. ಈ ಮಾತಿಗೆ ಜಾಗ ಇರಲೆಂದೇ ತಾನು ಬಂದದ್ದಲ್ಲವೆ?

ಬೂ ಎಲ್ಲರ ಮುಖವನ್ನೂ ಒಂದು ಸುತ್ತು ನೋಡಿದಳು. ಆಕೆಯ ಮುಖದಲ್ಲಿ ಮೆಲ್ಲಗೆ ನಗು ಹರಡಿತು. “ಅಬ್ಬಾ! ಇಷ್ಟು ವಯಸ್ಸಾಯ್ತು, ಕೇಳಿದವರಿಗೆಲ್ಲ ಹೂಂ ಅಂದಿದ್ದೇ ಬಂತು. ಚಾಪೆ ಕೊಡು ಅಂದ್ರೆ ಹೂಂ, ಹಂದಿ ಕೊಡು ಅಂದ್ರೆ ಹೂಂ. ಒಂದ್ಸಲ ಆಗಲ್ಲ ಅಂದು ನೋಡಬೇಕಿತ್ತು. ಚೆನ್ನಾಗೇ ಇದೆ.” ಆಮೇಲೆ ಕುರ್ಚಿಯ ತೋಳು ತಟ್ಟಿದಳು. “ಈಗ ನನ್ನ ಷರತ್ತು. ಕೋಣೆ ರಸ್ತೆ ಕಡೆ ಕಟ್ಟಲಿ, ನೆಲಮಟ್ಟದಲ್ಲೇ ಇರಲಿ. ಕಿಟಕಿ ಮಾತ್ರ ರಾಜಿಯ ಅಡುಗೆಮನೆ ಕಡೆಗೇ ಇರಬೇಕು. ಇಲ್ಲಾಂದ್ರೆ ನನಗೆ ಹೊತ್ತು ಹೋಗಲ್ಲ. ಅದು ಕಟ್ಟಿ ಮುಗಿಯೋವರೆಗೂ ನಾನು ರಾಜಿ ಮನೇಲಿ ಇರ್ತೀನಿ. ಅವಳ ಮನೆಗೆ ಮೆಟ್ಟಿಲಿಲ್ಲ. ಏನೇ, ಆಗಲ್ಲ ಅಂತೀಯಾ?”

“ಗೊರಕೆ ಹೊಡೀತೀಯಾ?” ಎಂದಳು ಧನ್‌ರಾಜಿ, ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತ.

“ಹೊಡೀತೀನಿ. ಅದನ್ನೂ ಬರ್ಕೊಳ್ಳಿ ಸಾರ್.”

ಒಪ್ಪಂದವನ್ನು ಲೋಸಲಿನಿ ಬರೆದಳು. ಗೊರಕೆಯ ವಿಷಯವನ್ನು ಮಾತ್ರ ಬಿಟ್ಟಳು. ಹಳೆಯ ಕೋಣೆ ತೆಗೆಯುವುದು, ಮುಚ್ಚಳದ ಸುತ್ತ ಜಾಗ ಎಂದಿಗೂ ಖಾಲಿ ಬಿಡುವುದು, ಹೊಸ ಕೋಣೆಗೆ ನಕ್ಷೆ ಕೊಟ್ಟು ಒಪ್ಪಿಗೆ ಪಡೆಯುವುದು. ಇಬ್ಬರೂ ಸಹಿ ಹಾಕಿದರು. ಹೊರಗೆ ಬಂದ ಮೇಲೆ ಸೆಕೋವೆ ತಾಯಿಯ ಕುರ್ಚಿಯನ್ನು ವ್ಯಾನಿಗೆ ಏರಿಸಿ, ಧನ್‌ರಾಜಿಗೆ ಮುಂದಿನ ಸೀಟಿನ ಬಾಗಿಲು ತೆರೆದು ನಿಂತ.

ಶನಿವಾರ ಚರ್ಚಿನ ಗಂಡಸರೆಲ್ಲ ಬಂದರು. ಅಂದು ಚಪ್ಪರ ಹಾಕಿದವರಲ್ಲಿ ಹೆಚ್ಚಿನವರು ಇಂದು ಕೀಳಲು ಬಂದಿದ್ದರು. ಹಲಗೆಗಳು ಬಿಚ್ಚಿಕೊಂಡವು, ತಗಡುಗಳು ಇಳಿದವು. ಧನ್‌ರಾಜಿ ಮೂಲೆಯ ಕಂಬಕ್ಕೆ ಒಮ್ಮೆ ಕೈ ಮುಗಿದಳು; ಆಮೇಲೆ ಅದೂ ಕೆಳಗಿಳಿಯಿತು. ಕಾಂಕ್ರೀಟು ಒಡೆದಾಗ ಕೆಳಗೆ ಅವಳು ಸುರಿಸಿದ್ದ ಮರಳು ಹಾಗೆಯೇ ಇತ್ತು, ಕೊಳೆತ ಚಾಪೆಯ ಎಳೆಗಳೂ ಇದ್ದವು. ಮುಚ್ಚಳ ಎತ್ತಿದ ಪ್ಲಂಬರ್ ಆಚೆಯ ಕೊಳವೆಗೆ ಸರಳು ಹಾಕಿ ತಿರುಗಿಸಿ ಎಳೆದ. ಸೆಕೋವೆಯ ಹಿತ್ತಿಲಿನ, ಹಲಸಿನ ಜಾತಿಯ ದೀವಿಮರದ ಬೇರು ಒಂದು ಹಿಡಿ ಬಂತು. ಅದಕ್ಕೆ ಸುತ್ತಿಕೊಂಡು, ಬಿಳಿಯ ಸಾಬೂನಿನಂತೆ ಗಟ್ಟಿಯಾದ ದೊಡ್ಡದೊಂದು ಮುದ್ದೆಯೂ ಬಂತು.

ಎಲ್ಲರೂ ಬಗ್ಗಿ ನೋಡಿದರು. ಸೆಕೋವೆ ಕಡ್ಡಿಯಿಂದ ತಿವಿದ.

“ಭೌಜಿ, ಇದು ತುಪ್ಪ.”

“ಎಣ್ಣೆ ಇರಬಹುದು,” ಎಂದಳು ಧನ್‌ರಾಜಿ ಸಣ್ಣ ದನಿಯಲ್ಲಿ.

“ನಿಮ್ಮ ರೊಟ್ಟಿಯ ತವೆ ತೊಳೆದ ನೀರು! ಬೇರು ನಮ್ಮ ಮರದ್ದು, ತುಪ್ಪ ನಿಮ್ಮ ಮನೇದು. ನಗರಸಭೆಗೆ ನಾನೂ ಒಂದು ಅರ್ಜಿ ಹಾಕಲಾ?” ಎಂದು ಅವನು ಹೊಟ್ಟೆ ಹಿಡಿದುಕೊಂಡು ನಕ್ಕ. ಆ ಕಾಗದ ಬಂದಾಗಿನಿಂದ ಅವನು ಹಾಗೆ ನಕ್ಕಿರಲಿಲ್ಲ. ಧನ್‌ರಾಜಿಗೆ ನಾಚಿಕೆಯಾಯಿತು, ಆ ನಗುವಿನ ಮುಂದೆ ನಾಚಿಕೆ ಹೆಚ್ಚು ಹೊತ್ತು ನಿಲ್ಲಲಿಲ್ಲ. ಅಂಗಳದ ಮೋರಿ ಒಮ್ಮೆ ದೊಡ್ಡದಾಗಿ ತೇಗಿ, ತುಂಬಿದ್ದನ್ನೆಲ್ಲ ನುಂಗಿತು.

ಇನ್‌ಸ್ಪೆಕ್ಟರ್ ಬಂದಾಗ ಅಂಗಳ ಒಣಗಿತ್ತು. ಈ ಸಲ ಅವನು ಧಾರಾಳವಾಗಿ ಉಸಿರಾಡಿದ. ಅಡುಗೆಮನೆಯ ಕೊಳವೆಗೆ ಜಿಡ್ಡು ತಡೆಯುವ ಸಣ್ಣ ತೊಟ್ಟಿಯೊಂದನ್ನು ಕೂರಿಸಬೇಕು, ವಾರಕ್ಕೊಮ್ಮೆ ತೆಗೆದು ತೊಳೆಯಬೇಕು ಎಂಬ ಷರತ್ತು ಹಾಕಿ ಲೈಸೆನ್ಸಿಗೆ ಸಹಿ ಮಾಡಿದ. ಕಿಟಕಿಯ ಪಕ್ಕದಲ್ಲಿ ಕುಳಿತು ಆಲೂಗಡ್ಡೆ ಸುಲಿಯುತ್ತಿದ್ದ ಬೂವನ್ನು ನೋಡಿ, “ಇವರು ಯಾರು, ಕೆಲಸಕ್ಕೆ ಇಟ್ಕೊಂಡಿದ್ದೀರಾ?” ಎಂದ.

“ನನ್ನನ್ನ ಯಾರು ಇಟ್ಕೋತಾರೆ,” ಎಂದಳು ಬೂ. “ನಾನು ಒಪ್ಪಂದ.”

ಹಂಗಾಮು ಶುರುವಾಯಿತು. ಕಾರ್ಖಾನೆಯ ಚಿಮಣಿಯ ಮಸಿ, ಸುಟ್ಟ ಕಬ್ಬಿನ ಕರಿ ತರಗು ಬಟ್ಟೆಯ ತಂತಿಗಳ ಮೇಲೆ ಬಿದ್ದವು. ಗೇಟಿನಲ್ಲಿ ಧನ್‌ರಾಜಿಯ ಬುಟ್ಟಿಗೆ ಜನ ಮುತ್ತಿದರು. ರಸ್ತೆಯ ಕಡೆ ಹೊಸ ಕೋಣೆ ಎದ್ದಿತು, ನಕ್ಷೆಗೆ ಒಪ್ಪಿಗೆಯೂ ಬಂತು. ಬೂ ಮಾತ್ರ ಹೊರಡುವ ಸೂಚನೆ ತೋರಲಿಲ್ಲ. ಸೆಕೋವೆ ಕರೆಯಲು ಬಂದಾಗಲೆಲ್ಲ ಒಮ್ಮೆ ಬಣ್ಣ ಒಣಗಲಿ ಎಂದಳು, ಒಮ್ಮೆ ಆಲೂಗಡ್ಡೆ ಮುಗಿಯಲಿ ಎಂದಳು, ಆಮೇಲೆ ಕಾರಣವನ್ನೇ ಹೇಳದೆ ಆಗಲ್ಲ ಎಂದಳು. ಧನ್‌ರಾಜಿಯೂ ಅವನ ಪರ ಒಂದು ಮಾತನ್ನೂ ಆಡುತ್ತಿರಲಿಲ್ಲ. ಗೊರಕೆ ಅವಳಿಗೆ ಅಭ್ಯಾಸವಾಗಿಹೋಗಿತ್ತು.

ಒಂದು ಸಂಜೆ ಸೆಕೋವೆ ಬೇಲಿ ದಾಟದೆ, ಸುತ್ತಿಕೊಂಡು ಮುಂಬಾಗಿಲಿಗೆ ಬಂದ. ಒಗೆದ ಅಂಗಿ ತೊಟ್ಟಿದ್ದ, ಕೂದಲು ಬಾಚಿದ್ದ. ಅಡುಗೆಮನೆಯ ಹೊಸ್ತಿಲೊಳಗೆ ಬಂದು ಮಂಡಿಯೂರಿ, ಕಾಗದ ಸುತ್ತಿ ರಿಬ್ಬನ್ ಕಟ್ಟಿದ ಯಂಗೋನಾ ಬೇರಿನ ಕಟ್ಟನ್ನು ಧನ್‌ರಾಜಿಯ ಮುಂದೆ ಇಟ್ಟ.

“ಭೌಜಿ, ನಾನು ಕಾಗದ ತಂದಿಲ್ಲ. ನಮ್ಮಮ್ಮನ್ನ ವಾಪಸ್ ಕೊಡಿ.”

ಬೂ ಸುಲಿಯುತ್ತಿದ್ದ ಆಲೂಗಡ್ಡೆಯನ್ನು ಕೆಳಗಿಟ್ಟಳು. “ಕಳ್ಳ ನನ್ಮಗ,” ಎಂದಳು, ಮೆಚ್ಚುಗೆಯಿಂದ.

ಧನ್‌ರಾಜಿ ಕಟ್ಟನ್ನು ನೋಡಿದಳು. ಆಮೇಲೆ ಹಿಟ್ಟಿನ ಕೈಯನ್ನು ಸೆರಗಿಗೆ ಒರೆಸಿ, ನೆಲದ ಮೇಲೆ ಕುಳಿತು, ಮೂರು ಬಾರಿ ಚಪ್ಪಾಳೆ ತಟ್ಟಿ ಅದನ್ನು ತೆಗೆದುಕೊಂಡಳು. ಬೂವಿನ ಬಟ್ಟೆಗಂಟಿನ ಮೇಲೆ ಬಿಸಿ ರೊಟ್ಟಿಗಳ ತಟ್ಟೆಯನ್ನಿಟ್ಟು ಸೆಕೋವೆಯ ಕೈಗೆ ಕೊಟ್ಟಳು.

“ತಟ್ಟೆ ಖಾಲಿ ವಾಪಸ್ ಬಂದ್ರೆ,” ಎಂದಳು, “ನೇರ ಕೋರ್ಟಿಗೇ ಹೋಗ್ತೀನಿ.”